ಕೊನೆಯ ಅಂಕಿ

ಈರುಳ್ಳಿ ಕೀಳುವ ಕಾಲ. ಬೆಳಗಿನಿಂದಲೇ ಗ್ಯಾರೇಜಿನ ಮುಂದೆ ಪಿಕಪ್ ಗಾಡಿಗಳು ಸಾಲುಗಟ್ಟಿದ್ದವು. ಎಲ್ಲರದೂ ಒಂದೇ ರಾಗ: ಗುಡ್ಡ ಹತ್ತುವಾಗ ಗಾಡಿ ಏದುಸಿರು ಬಿಡುತ್ತೆ, ಸ್ವಲ್ಪ ಎಳೆತ ಜಾಸ್ತಿ ಮಾಡಿಕೊಡು. ಅದೇ ಆ ಗ್ಯಾರೇಜಿನ ಹುಡುಗನ ಕಸುಬು. ಸ್ಪ್ಯಾನರ್ ಮುಟ್ಟುತ್ತಿರಲಿಲ್ಲ, ಲ್ಯಾಪ್‌ಟಾಪಿಗೆ ವೈರು ಸಿಕ್ಕಿಸಿ ನೇರ ಎಂಜಿನ್ನಿನ ಕಂಪ್ಯೂಟರಿಗೇ ಕೈ ಹಾಕುತ್ತಿದ್ದ.

ಅದರೊಳಗಿರುವುದು ಬರೀ ಅಂಕಿಗಳ ರಾಶಿ. ಎಲ್ಲಿಂದ ಡೀಸೆಲ್ಲಿನ ಲೆಕ್ಕ, ಎಲ್ಲಿಂದ ಕಾವಿನ ಲೆಕ್ಕ ಎಂದು ತೋರಿಸಿಕೊಡುವುದು ಮ್ಯಾಪ್ ಡೆಫಿನಿಷನ್ ಫೈಲು. ಈ ಮಾದರಿಗೆ ಅವನ ಬಳಿ ಇದ್ದ ಫೈಲಿನಿಂದ ನಲವತ್ತು ಗಾಡಿ ಮಾಡಿದ್ದ, ಒಮ್ಮೆಯೂ ಕೈಕೊಟ್ಟಿರಲಿಲ್ಲ. ನಿನ್ನೆ ಸಂಜೆ ಭಾವನ ಗಾಡಿಗೂ ಅದನ್ನೇ ತೆರೆದಿದ್ದ. ಅಕ್ಕನ ಸಂಸಾರ ನಡೆಯುವುದೇ ಆ ಗಾಡಿಯಿಂದ. ಕಸುಬು ಶುರು ಮಾಡಿದಾಗ ಲ್ಯಾಪ್‌ಟಾಪ್ ಕೊಡಿಸಿದ್ದು ಭಾವ. "ಇವತ್ತಿಗೆ ನಿನ್ನ ಋಣ ತೀರ್ತು ನೋಡು" ಎಂದು ನಗುತ್ತಾ ಗಾಡಿ ಹತ್ತಿ ಹೋಗಿದ್ದ.

ಈಗ ಎದುರಿಗಿದ್ದದ್ದೂ ಅಂಥದೇ ಗಾಡಿ, ಅದೇ ವರ್ಷದ್ದು. ಲ್ಯಾಪ್‌ಟಾಪಿನಲ್ಲಿ ಫ್ಯಾನಿನ ಲೆಕ್ಕ ತೆರೆದರೆ, ಎಂಜಿನ್ ಒಂಬೈನೂರು ಡಿಗ್ರಿ ಕಾದ ಮೇಲೆ ಫ್ಯಾನ್ ತಿರುಗಬೇಕು ಎಂದು ತೋರಿಸಿತು. ಯಾರೋ ತಲೆಕೆಟ್ಟವನು ಕೈಯಾಡಿಸಿರಬೇಕು ಎಂದುಕೊಂಡು ಕಂಪ್ಯೂಟರಿನ ಪೆಟ್ಟಿಗೆ ನೋಡಿದ. ಅದರ ಮೇಲಿನ ನಂಬರಿನ ಕೊನೆಯ ಅಂಕಿ ಏಳು. ಅವನ ಫೈಲಿನದು ನಾಲ್ಕು. ಒಳಗಿನ ಅಂಕಿಗಳೆಲ್ಲ ಫೈಲು ತೋರಿಸುವ ಜಾಗದಿಂದ ಹದಿನಾರು ಮನೆ ಆಚೆ ಸರಿದಿದ್ದವು.

ನಿನ್ನೆ ಭಾವನ ಗಾಡಿಯಿಂದ ನಕಲಿಸಿಟ್ಟದ್ದನ್ನು ತೆರೆದು ನಂಬರಿನ ಕೊನೆಯ ಅಂಕಿ ನೋಡಿದ. ಏಳು. ಡೀಸೆಲ್ ಎಂದುಕೊಂಡು ಅವನು ಏರಿಸಿದ್ದು ಕಾವಿನ ಮಿತಿಯನ್ನು. ಇನ್ನು ಎಷ್ಟು ಕಾದರೂ ಆ ಎಂಜಿನ್ ಎಳೆತ ತಗ್ಗಿಸಿ ತನ್ನನ್ನು ತಾನು ತಡೆಯುವಂತಿರಲಿಲ್ಲ.

ಗಾಡಿ ಓಡಿಸುವಾಗ ಭಾವ ಫೋನ್ ಎತ್ತುವವನಲ್ಲ. ಬೈಕ್ ಹತ್ತಿ, ಭಾವ ಈರುಳ್ಳಿ ಸಾಗಿಸುವ ದಾರಿ ಹಿಡಿದು ಹೊರಟವನಿಗೆ ಗುಡ್ಡದ ಏಳನೇ ತಿರುವಿನಲ್ಲಿ ಬಾನೆಟ್ ತೆರೆದು ನಿಂತ ಪಿಕಪ್ ಕಂಡಿತು. ಭಾವ ಚಕ್ರಕ್ಕೆ ಕಲ್ಲು ಕೊಟ್ಟು, ತಪ್ಪು ಮಾಡಿದ ಮಗುವಿನಂತೆ ಪಕ್ಕದಲ್ಲಿ ಕೂತಿದ್ದ.

"ನಿನ್ ಕೆಲ್ಸಕ್ಕೆ ಹೆಸರಿಡಂಗಿಲ್ಲ ಕಣೋ. ಆನೆ ಥರ ಎಳೀತು. ಆಸೆಗೆ ಬಿದ್ದು ನಾನೇ ಹತ್ತು ಮೂಟೆ ಜಾಸ್ತಿ ಹೇರ್ದೆ. ನಿನ್ನ ಹೆಸರೂ ಕೆಡಿಸ್ಬಿಟ್ಟೆ."

ಅವನು ಬಗ್ಗಿ ಎಂಜಿನ್ ನೋಡಿದ, ಸುಟ್ಟುಹೋಗಿತ್ತು. ಅಷ್ಟರಲ್ಲಿ ಭಾವನ ಫೋನ್ ಬಡಿದುಕೊಂಡಿತು.

"ನಿಮ್ಮಕ್ಕ. ನೀನೇ ಮಾತಾಡು ಮಾರಾಯ. ಮೂಟೆ ವಿಷ್ಯ ಎತ್ಬೇಡ. ಗಾಡಿಗೆ ವಯಸ್ಸಾಗಿತ್ತು ಅನ್ನು. ನೀನಂದ್ರೆ ನಂಬ್ತಾಳೆ."

ಅವನು ಫೋನ್ ಕಿವಿಗಿಟ್ಟುಕೊಂಡ. ಎದುರಿಗೆ ಭಾವ, ಬೇಡ ಬೇಡ ಎಂಬಂತೆ ಕೈಯಾಡಿಸುತ್ತಲೇ ಇದ್ದ.

"ಅಕ್ಕಾ, ಎಂಜಿನ್ ಸುಟ್ಟೋಗಿದೆ. ಭಾವಂದೇನೂ ಇಲ್ಲ. ನಾನೇ ನಂಬರ್ ನೋಡದೇ ಕೈ ಹಾಕ್ದೆ."

ಭಾವನ ಕೈ ಗಾಳಿಯಲ್ಲೇ ನಿಂತಿತು.

ಯಾರಿಗಾದರೂ ಏಟಾಯಿತೇ ಎಂದಷ್ಟೇ ಅಕ್ಕ ಕೇಳಿದಳು. ಇಲ್ಲವೆಂದ. ಅವಳು ಫೋನ್ ಇಡಲಿಲ್ಲ. ಆರುತ್ತಿದ್ದ ಎಂಜಿನ್ ಟಿಕ್ ಟಿಕ್ ಎನ್ನುತ್ತಿತ್ತು. ಭಾವ ಕೈ ಇಳಿಸಿ, ಮೂಟೆಯಿಂದ ಉದುರಿದ್ದ ಒಂದು ಈರುಳ್ಳಿಯನ್ನು ಎತ್ತಿಕೊಂಡು, ಎಲ್ಲಿಡಬೇಕೆಂದು ತೋಚದೆ ಹಿಡಿದುಕೊಂಡೇ ನಿಂತ.