ಎಡಕ್ಕೆ ಬಿದ್ದ ಹೂವು

ಯತ್ತಪ್ಪ ದಬ್ಬಳಕ್ಕೆ ದಾರ ಪೋಣಿಸಿ ತುದಿಗೆ ಗಂಟು ಹಾಕುವಷ್ಟರಲ್ಲಿ ಕರಿಯಕ್ಕ ಅವನ ಮುಂಗೈಯನ್ನು ಗಬಕ್ಕನೆ ಹಿಡಿದಳು. ಉಣ್ಣೆ ಕತ್ತರಿಸುವಾಗ ಕೊಸರಾಡುವ ಟಗರನ್ನು ಹಿಡಿದು ರೂಢಿಯಾದ ಕೈ ಅದು.

"ಏನ್ಲಾ ಅದು ಕೈಯಾಗೆ?"

"ಬುಡು ಅತ್ಗೆ. ಎಲ್ರೂ ಕಾಯ್ತಾವ್ರೆ. ಎಲ್ಡು ಹೊಲಿಗೆ ಹಾಕ್ಬುಟ್ರೆ ಮುಗೀತು."

"ಯಾರಿಗೆ ಹೊಲಿಗೆ?"

ಯತ್ತಪ್ಪ ಮುಂಗೈ ಬಿಡಿಸಿಕೊಳ್ಳಲು ಕೊಸರಿದ. ಎದುರಿಗೆ ಈಚಲು ಚಾಪೆಯ ಮೇಲೆ ಅವನ ಒಡಹುಟ್ಟಿದ ಅಣ್ಣ, ಕರಿಯಕ್ಕನ ಗಂಡ ಓಬಯ್ಯ ಮಲಗಿದ್ದ. ಬೆಳಗಿನ ಜಾವ ಅವನ ಉಸಿರು ನಿಂತಿತ್ತು. ಹೊಟ್ಟೆಯ ಎಡಭಾಗದಲ್ಲಿ, ಹೊಕ್ಕುಳಿಗಿಂತ ತುಸು ಕೆಳಗೆ, ಕರುಳಿನ ಬಾಯಿ ಹೊರಗೆ ಕಾಣುತ್ತಿತ್ತು. ನಾಲ್ಕು ವರ್ಷದಿಂದ ಓಬಯ್ಯನ ಮಲ ಹೊರಗೆ ಬರುತ್ತಿದ್ದುದು ಆ ಬಾಯಿಂದಲೇ. ಈಗ ಅದನ್ನು ಗೋಣಿಚೀಲ ಹೊಲಿದಂತೆ ಹೊಲಿಯಲು ತಮ್ಮ ಬಂದಿದ್ದ.

ಕರಿಯಕ್ಕ ದಬ್ಬಳ ಕಿತ್ತುಕೊಂಡು ಕಾರೆಮುಳ್ಳಿನ ಬೇಲಿಯಾಚೆಗೆ ಬೀಸಿ ಒಗೆದಳು. ಬೇಲಿಯ ಆಚೆಗಿದ್ದದ್ದು ಕುರಿಗಾಹಿಗಳ ಹಟ್ಟಿ, ಈಚೆಗಿದ್ದದ್ದು ಅವಳ ಹುಲ್ಲಿನ ಗುಡ್ಲು. ಐ.ಡಿ.ಹಳ್ಳಿಯ ಕಡೆಯ ಆ ಹಟ್ಟಿಯಲ್ಲಿ ಮುಟ್ಟಾದ ಹೆಂಗಸರು, ಹಸಿ ಬಾಣಂತಿಯರು ಎಲ್ಲರೂ ಬೇಲಿಯಿಂದ ಹೊರಗೇ ಇರಬೇಕು. ಹಟ್ಟಿಯೊಳಗೆ ದೇವರಿದೆ.

ಹೊಂಗೆಮರದ ಕೆಳಗೆ ಟವೆಲ್ಲಿನಿಂದ ಮೂಗು ಮುಚ್ಚಿಕೊಂಡು ನಿಂತಿದ್ದ ಹಟ್ಟಿಯ ಯಜಮಾನ ದೊಡ್ಡಹನುಮಯ್ಯ ಅಲ್ಲಿಂದಲೇ ಗದರಿದ.

"ಕರಿಯಕ್ಕ, ಅವಿವೇಕ ಮಾಡ್ಬ್ಯಾಡ. ಪೂಜಾರಿ ಮನೆತನದ ಹಿರೀಮಗನ ಹೆಣ ಗುಡಿ ಒಂದು ಸುತ್ತು ಬರ್ಬೇಕು. ಬರ್ದಿದ್ರೆ ಯತ್ತಪ್ಪನಿಗೆ ಪೂಜಾರಿ ಪಟ್ಟ ಕಟ್ಟಂಗಿಲ್ಲ. ತೂತು ಬಿದ್ದ ಮೈ ಹಟ್ಟಿ ಒಳೀಕೆ ಬರಂಗಿಲ್ಲ. ಅದಕ್ಕೇ ಮುಚ್ಚು ಅಂತ ನಾನೇ ಹೇಳ್ದೆ."

"ಮುಚ್ಚಿಸಿ, ಮುಚ್ಚಿಸಿ ಅಂತ ನಾಲ್ಕು ವರ್ಸದಿಂದ ನಾನೂ ಬಡ್ಕೊಂಡೆ ಯಜಮಾನ್ರೆ! ಡಾಕ್ಟ್ರೂ ಹೇಳಿದ್ರು. ಆಗ ನಿಮ್ಮ ಕಿವಿಗೆ ಕಾದ ಸೀಸ ಹುಯ್ಕಂಡಿದ್ರಾ? ಬದುಕಿದ್ದವನಿಗೆ ಹೂವು ಕೊಡ್ದೇ ಇದ್ದ ದೇವ್ರು ಸತ್ತವನಿಗೆ ದಬ್ಬಳ ಕೊಡ್ತಾ?"

ಓಬಯ್ಯನ ಅಕ್ಕ ಭೀಮಕ್ಕ ತಾವರೆಕೆರೆ ಕಡೆಯಿಂದ ಸುದ್ದಿ ತಿಳಿದೊಡನೆ ಬಸ್ ಹತ್ತಿ ಬಂದಿದ್ದಳು. ಕರಿಯಕ್ಕನ ತೋಳು ಜಗ್ಗಿ, "ಸಾವಿನ ಮನೆ ಕಣಮ್ಮ, ಕೂಗಾಡ್ಬ್ಯಾಡ," ಎಂದಳು.

"ಮನೆ ಎಲ್ಲೈತೆ ಭೀಮಕ್ಕ? ಮನೆ ಅಗೋ, ಬೇಲಿ ಒಳಗೈತೆ. ಇದು ಗುಡ್ಲು."

* * *

ನಾಲ್ಕು ವರ್ಷದ ಹಿಂದೆ, ಎಮರ್ಜೆನ್ಸಿಯ ವರ್ಷ ಅದು. ಕುರಿ ಮೇಯಿಸಿಕೊಂಡು ಬಂದ ಓಬಯ್ಯ ಹೊಟ್ಟೆ ಹಿಡಿದುಕೊಂಡು ಜಗಲಿಯ ಮೇಲೆ ಬಿದ್ದವನು ಏಳಲಿಲ್ಲ. ಹೊಟ್ಟೆ ತಮಟೆಯಂತೆ ಬಿಗಿದಿತ್ತು, ಗಾಳಿಯೂ ಹೋಗಲೊಲ್ಲದು. ಲಾರಿಯಲ್ಲಿ ಮಧುಗಿರಿಗೆ ಒಯ್ದರೆ, ಇದು ನಮ್ಮ ಕೈಯಲ್ಲಿ ಆಗುವುದಲ್ಲ ಎಂದು ಬೆಂಗಳೂರಿನ ದೊಡ್ಡ ಆಸ್ಪತ್ರೆಗೆ ಸಾಗಿಸಿದರು. ಆಸ್ಪತ್ರೆ ಎಂದರೆ ಸಂತಾನಹರಣದ ಕತ್ತರಿ ಎಂದು ಹಟ್ಟಿಯ ಗಂಡಸರು ಗುಡ್ಡ ಹತ್ತಿ ಅಡಗುತ್ತಿದ್ದ ಕಾಲ. ಜೊತೆಗೆ ಹೋಗಲು ಕರಿಯಕ್ಕನನ್ನು ಬಿಟ್ಟರೆ ಒಬ್ಬನಿಗೂ ಧೈರ್ಯ ಬರಲಿಲ್ಲ.

ಆಪರೇಷನ್ ಮುಗಿಸಿ ಬಂದ ಡಾಕ್ಟರು ಅವಳ ಹೆಗಲ ಮೇಲಿದ್ದ ವಸ್ತ್ರ ತೆಗೆದುಕೊಂಡು ನುಲಿದು ತೋರಿಸಿದರು. "ನೋಡಮ್ಮ, ಕರುಳು ಹೀಗೆ ತಿರುಚಿಕೊಂಡು ಕೊಳೆತುಹೋಗಿತ್ತು. ಕೊಳೆತದ್ದನ್ನು ಕೊಯ್ದು ತೆಗೆದಿದ್ದೀವಿ. ಈಗಲೇ ಜೋಡಿಸಿದರೆ ನಿಲ್ಲಲ್ಲ. ಅದಕ್ಕೇ ಒಂದು ತುದಿ ಹೊಟ್ಟೆ ಮೇಲೆ ತಂದಿಟ್ಟಿದ್ದೀವಿ. ಮೂರು ತಿಂಗಳು ಬಿಟ್ಟು ಬನ್ನಿ. ಎರಡು ತುದಿನೂ ಸೇರಿಸಿ ಒಳಗೆ ಹಾಕ್ತೀವಿ. ಆಮೇಲೆ ಮೊದಲಿನ ಹಾಗೇ ಇರ್ತಾನೆ."

ಅದನ್ನು ತೊಳೆಯುವುದು ಹೇಗೆ, ಸುತ್ತಲಿನ ಚರ್ಮ ಸುಡದಂತೆ ನೋಡಿಕೊಳ್ಳುವುದು ಹೇಗೆ ಎಂದು ನರ್ಸಮ್ಮ ಕಲಿಸಿಕೊಟ್ಟಳು. ಮೊದಲ ದಿನ ಕರಿಯಕ್ಕನಿಗೆ ಓಕರಿಕೆ ಬಂತು. ಮೂರನೇ ದಿನಕ್ಕೆ ಮಗುವಿನ ಕುಂಡೆ ತೊಳೆದಷ್ಟೇ ಸಲೀಸಾಯಿತು.

ಊರಿಗೆ ಮರಳಿದಾಗ ಹಟ್ಟಿಯ ದೊಡ್ಡಬಾಗಿಲಲ್ಲಿ ದೊಡ್ಡಹನುಮಯ್ಯ ಕೋಲು ಅಡ್ಡ ಹಿಡಿದ. "ಮೈಯಾಗೆ ತೂತು, ತೂತಿನಾಗೆ ಹೇಲು. ದೇವರ ಗಂಟೆ ಹೆಂಗೆ ಹಿಡೀತೀಯ ಓಬಯ್ಯ? ಮುಚ್ಚಿಸ್ಕಂಡು ಬಾ, ಆಮ್ಯಾಕೆ ಒಳೀಕೆ ಬರುವಂತೆ."

ಓಬಯ್ಯ ಎದುರಾಡಲಿಲ್ಲ. ಇಪ್ಪತ್ತು ವರ್ಷ ಪೂಜಾರಿಯಾಗಿ ಆ ಕಟ್ಟಲೆಯನ್ನು ಕಾದವನು ಅವನೇ. ಅವನು ಹೋಗಿ ಸೇರಿಕೊಂಡ ಗುಡ್ಲಿಗೆ ಹಿಂದೊಮ್ಮೆ ಕರಿಯಕ್ಕನನ್ನು ಹಸಿ ಬಾಣಂತಿಯಾಗಿ, ಸುರಿಯುವ ಮಳೆಯಲ್ಲಿ ಕಳಿಸಿದ್ದವನೂ ಅವನೇ. ಆ ಮಳೆಯಲ್ಲಿ ಕೂಸು ಉಳಿದಿರಲಿಲ್ಲ. ಸುಳ್ಳು ಯಾಕೆ ಹೇಳಬೇಕು, ಈಗ ಅವನು ಬಗ್ಗಿಕೊಂಡು ಗುಡ್ಲಿನೊಳಗೆ ನುಗ್ಗಿದ್ದನ್ನು ಕಂಡಾಗ ಕರಿಯಕ್ಕನ ಹೊಟ್ಟೆ ತಣ್ಣಗಾಯಿತು. ಅನುಭವಿಸು ಮಗನೇ, ಅಂದುಕೊಂಡಳು. ಆದರೆ ಮಾರನೆಯ ದಿನ ಮುದ್ದೆ ಕೊಡಲು ಹೋದರೆ ಅವನು ಹಸಿ ಸೌದೆ ಊದಿ ಊದಿ, ಕಣ್ಣೆಲ್ಲ ಕೆಂಪು ಮಾಡಿಕೊಂಡು, "ಇದರಾಗೆ ಹೆಂಗೆ ಬದುಕ್ತಿದ್ದೆ ಕಣೇ ನೀನು?" ಎಂದು ಕೇಳಿದ. ಅವಳು ಆವತ್ತೇ ತನ್ನ ಮಡಕೆ, ಕಂಬಳಿ ತಂದು ಅಲ್ಲಿಟ್ಟಳು.

* * *

ಮೂರು ತಿಂಗಳು ಕಳೆಯಿತು. ಪೂಜಾರಿಯ ಮೈ ಅಂದರೆ ದೇವರ ಸೊತ್ತು, ಮತ್ತೊಂದು ಸಲ ಕಬ್ಬಿಣ ಮುಟ್ಟಿಸಲು ಅಪ್ಪಣೆ ಬೇಕು ಎಂದರು ಹಟ್ಟಿಯ ಹಿರಿಯರು. ದೇವರ ಗಂಟೆ ಆಗಲೇ ಯತ್ತಪ್ಪನ ಕೈ ಸೇರಿತ್ತು. ಅವನು ದೇವರ ಎರಡೂ ಭುಜಕ್ಕೆ ಹೂವಿಟ್ಟು ಕೈಮುಗಿದು ನಿಂತ. ಬಲಕ್ಕೆ ಬಿದ್ದರೆ ಹೋಗಬಹುದು, ಎಡಕ್ಕೆ ಬಿದ್ದರೆ ಇಲ್ಲ. ಎಡಕ್ಕೆ ಬಿತ್ತು. ಸಂಕ್ರಾಂತಿ ಕಳೆದು ಮತ್ತೆ ಕೇಳಿದರು, ಎಡ. ಮರುವರ್ಷವೂ ಎಡವೇ.

"ದೇವ್ರಿಗೇನು ಬ್ಯಾರೆ ಕೆಲಸ ಇಲ್ವಾ? ನಡಿ, ಬಸ್ ಹತ್ತಣ," ಎಂದಳು ಕರಿಯಕ್ಕ.

"ಹೂವು ಮೀರಿ ಹೋದ್ರೆ ನನ್ನ ಒಳೀಕೆ ಬುಟ್ಕಳ್ಳಲ್ಲ."

"ಈಗೇನು ತೊಟ್ಟಿಲಾಗೆ ಹಾಕಿ ತೂಗ್ತಾವ್ರಾ?"

ಓಬಯ್ಯ ಕುರಿಮರಿಯ ಕಾಲಿನ ಮುಳ್ಳು ತೆಗೆಯುತ್ತಾ ಕೂತಿದ್ದ. ತಲೆ ಎತ್ತದೆ ಹೇಳಿದ: "ಒದ್ದೆ ಹೂವು ಅಂಟ್ಕಂತದೆ, ಒಣಗಿದ್ದು ಜಾರ್ತದೆ ಕಣೇ. ಯತ್ತ ಎಡಗಡೆಗೆ ಒಣಗಿದ್ದು ಇಟ್ಟ. ಬೇಲಿ ಸಂದಿಯಾಗೆ ನೋಡ್ದೆ."

ಕರಿಯಕ್ಕನಿಗೆ ಮೈಯೆಲ್ಲ ಉರಿದುಹೋಯಿತು. "ಅಯ್ಯೋ ನಿನ್ನ ಮನೆ ಹಾಳಾಗ! ನೋಡ್ದವನು ಅಲ್ಲೇ ಕೂಗಿ ಹೇಳಕ್ಕೆ ಏನು ರೋಗ ಬಂದಿತ್ತು?"

"ಹೇಳಿದ್ರೆ, ಇಪ್ಪತ್ತು ವರ್ಸ ನೀನು ಇಟ್ಟಿದ್ದು ಎಂಥಾ ಹೂವು ಅಂತ ಕೇಳ್ತಾರಲ್ಲೇ."

ಆಮೇಲೆ ಅವಳು ಎಷ್ಟೋ ದಿನ ಅವನೊಂದಿಗೆ ಮಾತು ಬಿಟ್ಟಳು. ಬೆಳಗಾದರೆ ಬಿಸಿನೀರಲ್ಲಿ ತೊಳೆಯುವಳು, ಕೊಬ್ಬರಿ ಎಣ್ಣೆ ಸವರುವಳು, ಹಳೇ ಸೀರೆಯ ಮಡಿಕೆಯಿಟ್ಟು, ಮೇಲೆ ಗೊಬ್ಬರದ ಚೀಲದ ಒಳಗಿನ ಪ್ಲಾಸ್ಟಿಕ್ ಸುತ್ತಿ ಕಟ್ಟುವಳು, ತುಟಿ ಮಾತ್ರ ಬಿಚ್ಚಳು. ಕೊನೆಗೆ ಅವನೇ ಅಂದ, "ಒಂದೇ ಒಂದು ಸಲ ದೊಡ್ಡಬಾಗಿಲಾಗೆ ನಡ್ಕಂಡು ಹೋಗಿ ಗುಡಿ ನೋಡ್ಬುಟ್ರೆ ಸಾಕು ಕರೀ, ಇನ್ನೇನೂ ಬ್ಯಾಡ." ಅಷ್ಟು ಸಣ್ಣ ಆಸೆ! ಅದಕ್ಕೂ ಅವಳಿಗೆ ಸಿಟ್ಟೇ ಬಂತು.

ನಿನ್ನೆ ಮಧ್ಯಾಹ್ನ ಹಳ್ಳಕ್ಕೆ ಬಿದ್ದಿದ್ದ ಟಗರನ್ನು ಅವನು ತಬ್ಬಿ ಮೇಲೆತ್ತಿದ. ತಿಣುಕಿದ ರಭಸಕ್ಕೆ ಕರುಳು ಗೇಣುದ್ದ ಹೊರಗೆ ಜಾರಿತು. ಕರಿಯಕ್ಕ ಎಷ್ಟು ಒತ್ತಿದರೂ ಒಳಗೆ ಹೋಗಲಿಲ್ಲ, ಹೊತ್ತು ಹೋದಂತೆ ಕಪ್ಪಗಾಯಿತು. ಅವಳು ಬೇಲಿಯ ಬಳಿ ನಿಂತು ಎತ್ತಿನ ಗಾಡಿಗಾಗಿ ಕೂಗಿಕೊಂಡಳು. ಯತ್ತಪ್ಪ ಹೊರಗೆ ಬಂದು, "ದೇವರ ಪೆಟ್ಟಿಗೆ ಇಟ್ಕಂಡು ಹೋಗೋ ಗಾಡಿ ಅತ್ಗೆ, ಅದರಾಗೆ ಹೆಂಗೆ ಅವನ್ನ ಮಲಗ್ಸದು? ಬೆಳಿಗ್ಗೆ ಬಸ್ಸಿಗೆ ಕರ್ಕಂಡು ಹೋಗು," ಎಂದ. ಬೆಳಿಗ್ಗೆಯ ಬಸ್ಸು ಬರುವ ಮೊದಲೇ ಓಬಯ್ಯ ಹೋಗಿಬಿಟ್ಟ. ಮೈ ಸಡಿಲಾದ ಮೇಲೆ ಅವಳು ಒತ್ತಿದರೆ ಕರುಳು ಒಳಗೆ ಹೋಯಿತು, ಬಾಯಿಯಷ್ಟೇ ಹೊರಗುಳಿಯಿತು.

* * *

ಹೆಣ ತೊಳೆಯಲು ಗಂಡಸರು ಹತ್ತಿರ ಬರಲಿಲ್ಲ. ಕರಿಯಕ್ಕ ನೀರು ಹುಯ್ದಳು, ಭೀಮಕ್ಕ ಉಜ್ಜಿದಳು. ಭೀಮಕ್ಕ ಆ ಕರುಳಿನ ಬಾಯನ್ನು ನೋಡಿದ್ದು ಅದೇ ಮೊದಲು.

"ಇಷ್ಟೇನಾ ಕರಿಯಕ್ಕ? ಹುಣ್ಣು, ಕೀವು, ನಾತ, ಏನೇನೋ ಹೇಳಿದ್ರಲ್ಲೇ."

"ನೀನು ಬಂದು ನೋಡ್ಬೋದಿತ್ತು."

"ನನ್ನ ಗಂಡನ ಮನ್ಯೋರು ಬುಡ್ಲಿಲ್ಲ ಕಣಮ್ಮ."

"ಯಾರನ್ನೂ ಯಾರೂ ಬುಡ್ಲಿಲ್ಲ. ನಾನು ದಿನಾ ಮುಟ್ಟಿದೀನಿ. ಬೆರಳು ಉದುರಿ ಹೋದ್ವಾ ನೋಡು."

ಭೀಮಕ್ಕ ಬಿಕ್ಕುತ್ತಾ ತಮ್ಮನ ಹೊಟ್ಟೆಗೆ ಅರಿಶಿನ ಹಚ್ಚಿದಳು. ಕರಿಯಕ್ಕ ಎಂದಿನಂತೆ ಬಟ್ಟೆಯ ಮಡಿಕೆ ಇಟ್ಟಳು. ಪ್ಲಾಸ್ಟಿಕ್ ಕೈಗೆತ್ತಿಕೊಂಡವಳು ಒಂದು ಗಳಿಗೆ ನೋಡಿ ಪಕ್ಕಕ್ಕೆ ಎಸೆದಳು. ಬೇಸಿಗೆಯಲ್ಲಿ ಅದರ ಬೆವರಿಗೆ ಅವನ ಚರ್ಮ ಸುಲಿದು ಬರುತ್ತಿತ್ತು, ಇನ್ನು ಸಾಕು. ಅವನ ಪೂಜೆಯ ಬಿಳಿ ಪಂಚೆಯನ್ನೇ ಉಡಿಸಿದಳು.

ದೊಡ್ಡಹನುಮಯ್ಯ ಬೆರಳೆಣಿಕೆಯ ಗಂಡಸರನ್ನು ಕಟ್ಟಿಕೊಂಡು ಮತ್ತೆ ಬಂದ. "ಏನಂತೀಯಮ್ಮ? ಹೊತ್ತು ಏರ್ತಾ ಐತೆ."

"ಹೊಲಿಗೆ ಇಲ್ಲ. ನನ್ನ ಗಂಡ ಇದ್ದಂಗೇ ಬರ್ತಾನೆ, ದೊಡ್ಡಬಾಗಿಲಾಗೇ ಬರ್ತಾನೆ. ಮುಂದಿನ ಹೆಗಲು ಯತ್ತಪ್ಪಂದು."

"ಆಗಲ್ಲ! ಕಟ್ಟಲೆ ಅಂತ ಒಂದೈತೆ."

"ಸರಿ ಬುಡಿ. ಇಲ್ಲೇ ಗುಡ್ಲು ಹಿಂದೆ ಗುಂಡಿ ತೋಡ್ತೀನಿ, ನಾನೇ ಮಣ್ಣು ಎಳೀತೀನಿ. ಪಟ್ಟ ಯಾರಿಗೆ ಕಟ್ತೀರೋ ಕಟ್ಕಳ್ಳಿ." ಅವಳು ಮೈದುನನ ಕಡೆ ತಿರುಗಿದಳು. "ಏನ್ಲಾ ಯತ್ತ, ನಿನ್ನ ಕೈಯಾಗಿನ ಹೂವಿನ ಇಚಾರ ನಿಮ್ಮಣ್ಣ ನಂಗೆ ಹೇಳವ್ನೆ. ಒಣಗಿದ್ದು ಯಾವುದು, ಒದ್ದೆ ಯಾವುದು, ಎಲ್ಲ. ಇಲ್ಲೇ ಹೇಳ್ಲಾ?"

ಅವಳು ಹೇಳುತ್ತಿರಲಿಲ್ಲ. ಹೇಳಿದರೆ ಸತ್ತವನ ಇಪ್ಪತ್ತು ವರ್ಷವೂ ಅದರ ಜೊತೆಗೇ ಮಣ್ಣುಪಾಲಾಗುತ್ತದೆಂದು ಅವಳಿಗೆ ಗೊತ್ತಿತ್ತು, ಮತ್ತು ಆ ಮಾತು ಬಾಯಿತುದಿಯಲ್ಲಿ ಬೆಂಕಿಯಾಗಿ ಸುಡುತ್ತಿತ್ತು. ಆದರೆ ಅವಳು ಹೇಳುವುದಿಲ್ಲವೆಂಬುದು ಯತ್ತಪ್ಪನಿಗೆ ಗೊತ್ತಿರಲಿಲ್ಲ.

"ಇದ್ದಂಗೇ ಹೋಗ್ಲಿ ಯಜಮಾನ್ರೆ," ಎಂದ ಅವನು ತೊದಲುತ್ತಾ. "ಸಾವಿನಾಗೆ ಎಲ್ಲ ಶುದ್ಧ ಅಂತಾರಲ್ಲ."

"ನಿನ್ನೆ ಗಾಡಿ ಕೇಳ್ದಾಗ ನೆಪ್ಪಿರ್ಲಿಲ್ವಾ ಆ ಮಾತು?" ಎಂದಳು ಕರಿಯಕ್ಕ.

ದೊಡ್ಡಹನುಮಯ್ಯ ಹಲ್ಲು ಕಡಿದು ಒಪ್ಪಿದ. ಒಪ್ಪಿದವನು ಎಲ್ಲರಿಗೂ ಕೇಳುವಂತೆ ಎಚ್ಚರಿಸಿದ: "ಬೇಲಿ ದಾಟಿದ ಮ್ಯಾಲೆ ಚಟ್ಟ ನಿಲ್ಲಂಗಿಲ್ಲ, ಇಳಿಸಂಗಿಲ್ಲ, ಹೆಗಲು ಬದಲಾಯಿಸಂಗಿಲ್ಲ. ಹೊತ್ತೋರು ಹೊತ್ತಂಗೇ ಸುತ್ತಿ ಆಚೀಕೆ ಬರ್ಬೇಕು."

ತಮಟೆ ಬಡಿಯಿತು. ದೊಡ್ಡಬಾಗಿಲಿನ ಎರಡೂ ಬದಿಗೆ ಹಟ್ಟಿಯ ಜನ ಸೆರಗು, ಟವೆಲ್ಲು ಮೂಗಿಗೊತ್ತಿಕೊಂಡು ನಿಂತಿದ್ದರು. ಓಬಯ್ಯ ನಾಲ್ಕು ವರ್ಷದ ಮೇಲೆ ಆ ಬಾಗಿಲು ದಾಟಿದ. ಮುಂದೆ ಎಡಗಡೆಯ ಹೆಗಲು ಯತ್ತಪ್ಪನದು. ಬರಿಮೈ, ಮಡಿಯ ಬಿಳಿ ಪಂಚೆ. ಮಕ್ಕಳಿಲ್ಲದ ಅಣ್ಣನ ಕೆಂಡದ ಮಡಕೆಯೂ ಅವನ ಕೈಯಲ್ಲೇ. ಬಾಗಿಲಿಂದ ಗುಡಿಯ ಕಡೆಗೆ ನೆಲ ಇಳಿಜಾರು. ಚಟ್ಟ ಮುಂದಕ್ಕೆ ವಾಲಿತು.

ಅರ್ಧ ದಾರಿಯಲ್ಲಿ ಯತ್ತಪ್ಪ ಬೆಚ್ಚಿ ಹೆಜ್ಜೆ ತಡೆದ. ಬಿದಿರಿನಗುಂಟ ಏನೋ ತಣ್ಣಗೆ ಹರಿದು ಬಂದು ಅವನ ಕತ್ತಿಗೆ ತಾಗಿತ್ತು. ಅವನು ಕತ್ತು ಹೊರಳಿಸಿ ನೋಡಿದ. ನೋಡಿದವನ ಬಾಯಿಂದ "ಅಯ್ಯಯ್ಯೋ" ಎಂದು ಹೊರಟಿತು.

"ನಿಲ್ಬ್ಯಾಡ ಕಣ್ಲಾ!" ದೊಡ್ಡಹನುಮಯ್ಯ ಹಿಂದಿನಿಂದ ಚೀರಿದ. "ಒಳಗೆ ನಿಂತ್ರೆ ಹಟ್ಟಿಗೆಲ್ಲ ಸೂತಕ. ನಡಿ, ನಡಿ!"

ಯತ್ತಪ್ಪ ನಡೆದ. ಒಂದು ಕೈ ಬಿದಿರಿನ ಮೇಲೆ, ಇನ್ನೊಂದು ಕೈಯಲ್ಲಿ ಕೆಂಡದ ಮಡಕೆ. ಒರೆಸಿಕೊಳ್ಳಲು ಮೂರನೆಯ ಕೈ ಇರಲಿಲ್ಲ. ಅಣ್ಣನ ಕರುಳಿನ ಹಳದಿ ನೀರು ಹೆಗಲಿಂದ ಬೆನ್ನಿಗೆ, ಬೆನ್ನಿಂದ ಮಡಿಪಂಚೆಗೆ ಇಳಿಯಿತು. ಹಟ್ಟಿಯ ಜನ ಮೂಗಿನ ಬಟ್ಟೆ ಜಾರಿದ್ದನ್ನೂ ಮರೆತು ನೋಡುತ್ತಿದ್ದರು. ಅವನು ಕಣ್ಣು ಬಿಗಿಯಾಗಿ ಮುಚ್ಚಿಕೊಂಡು, ಅಣ್ಣನನ್ನು ಹೊತ್ತು, ಗುಡಿಯನ್ನು ಸುತ್ತಲು ಬಲಕ್ಕೆ ತಿರುಗಿದ.