ಆ ನಗು ಯಾರದು

ಜಾಲದಲ್ಲಿನ ಹಳೆಯ ವಿಡಿಯೊಗಳನ್ನು ಅಳಿಸುವ ವಿಭಾಗದ ಗುಮಾಸ್ತೆಗೆ, ಅರ್ಜಿ ಹಿಡಿದು ಬಂದವನ ಗುರುತು ಹತ್ತಲು ಅರೆಕ್ಷಣ ಸಾಕಾಯಿತು. ಅವನಿಗೆ ಅವಳ ಗುರುತು ಹತ್ತಲೇ ಇಲ್ಲ.

ಹದಿಮೂರು ವರ್ಷದ ಹಿಂದೆ, ರಸಾಯನಶಾಸ್ತ್ರದ ಪ್ರಾಯೋಗಿಕ ಪರೀಕ್ಷೆಯಲ್ಲಿ, ಪರೀಕ್ಷಕರು ಗದರಿದ ಹೆದರಿಕೆಗೆ ಅವಳ ಬಟ್ಟೆ ಒದ್ದೆಯಾಗಿತ್ತು. ಪಕ್ಕದ ಮೇಜಿನ ಈ ಸಹಪಾಠಿ ಅದನ್ನು ಫೋನಿನಲ್ಲಿ ಹಿಡಿದು, ನಗುತ್ತಲೇ ಊರಿಗೆಲ್ಲ ಡಂಗುರ ಸಾರಿದ್ದ. ಆಮೇಲೆ ಯಾವ ಸಂದರ್ಶನಕ್ಕೆ ಹೋದರೂ ಆ ಮೂವತ್ತು ಸೆಕೆಂಡಿನ ವಿಡಿಯೊ ಅವಳಿಗಿಂತ ಮೊದಲೇ ಅಲ್ಲಿಗೆ ಹೋಗಿ ಕೂತಿರುತ್ತಿತ್ತು.

ಈಗ ಅವನು ಶಾಲಾ ಮೇಷ್ಟ್ರು. ವಿದ್ಯಾರ್ಥಿಯೊಬ್ಬನ ಕೆನ್ನೆಗೆ ಬಾರಿಸಿದ ಹಳೆಯ ವಿಡಿಯೊ ಅಳಿಯದಿದ್ದರೆ ಮುಖ್ಯೋಪಾಧ್ಯಾಯರ ಕುರ್ಚಿ ಕೈತಪ್ಪುತ್ತದೆಂದು ಗೋಗರೆದ. "ಒಂದೇ ಒಂದು ಏಟು ಮೇಡಂ. ಜನ ಅದನ್ನೇ ಹಿಡ್ಕೊಂಡು ಜಗ್ತಾರೆ."

ಯಂತ್ರ ಅವನ ಮುಖ, ದನಿ ಎರಡನ್ನೂ ಹುಡುಕಿ ಹದಿನೇಳು ತುಣುಕು ತಂದಿತು. ವಿಭಾಗದ ಕಟ್ಟಳೆ ಸರಳ. ಅರ್ಜಿದಾರ ಪ್ರತಿಯೊಂದನ್ನೂ ನೋಡಿ ತನ್ನದೆಂದು ಒಪ್ಪಿದರೆ ಅಷ್ಟೂ ಅಳಿಯುತ್ತವೆ. ಒಂದನ್ನು ಅಲ್ಲಗಳೆದರೂ ಅರ್ಜಿ ವಜಾ, ಮತ್ತೆ ಹಾಕುವಂತಿಲ್ಲ. ಉಳಿದ ದಿನ ಅವಳು ಇದನ್ನು ಎರಡೆರಡು ಸಲ ಬಿಡಿಸಿ ಹೇಳುತ್ತಿದ್ದಳು. ಇಂದು ಗೋಡೆಯ ಫಲಕದತ್ತ ಬೆರಳು ತೋರಿಸಿದಳು, ಅಷ್ಟೇ. ಅವನು ಓದದೆ ತಲೆಯಾಡಿಸಿದ.

ಹದಿನಾರಕ್ಕೂ ಹೂಂಗುಟ್ಟಿದ. ಹದಿನೇಳನೆಯದರಲ್ಲಿ ಅವನ ಮುಖವಿರಲಿಲ್ಲ. ಬೀಕರುಗಳ ಮುಂದೆ ತಲೆತಗ್ಗಿಸಿ ನಿಂತ ಹುಡುಗಿ; ಹಿಂದೆ ನಗು ಮಾತ್ರ.

ಅವನು ಹೂಂ ಎಂದರೆ ಅವಳ ಬೆನ್ನಿಗಂಟಿದ ಬೇತಾಳವೂ ಇಳಿಯುತ್ತಿತ್ತು. ಆದರೆ ಅವನ ಕುರ್ಚಿಯೂ ಉಳಿಯುತ್ತಿತ್ತು.

"ಈ ನಗು ಯಾರದು, ಮೇಷ್ಟ್ರೇ?"

ಅವನು ಪರದೆ ನೋಡಿದ, ಅವಳ ಮುಖ ನೋಡಿದ. ಈಗ ಗುರುತು ಹತ್ತಿತು. ಹೌದೆಂದರೆ ಇವಳು ತನ್ನ ಕೆಲಸ ಕೆಡಿಸುವುದು ಖಂಡಿತ ಎಂದುಕೊಂಡ.

"ನಂದಲ್ಲ."

"ಇನ್ನೊಂದ್ಸಲ ಕೇಳಿಸ್ಕೊಳ್ಳಿ. ನಿಧಾನಕ್ಕೆ."

"ನಾನಲ್ಲಮ್ಮ. ಬೇಕಾದ್ರೆ ಆಣೆ ಇಡ್ತೀನಿ."

ಕಟ್ಟಳೆಯನ್ನು ನೆನಪಿಸುವ ಒಂದು ಮಾತು ಇಬ್ಬರನ್ನೂ ಬಿಡಿಸುತ್ತಿತ್ತು. ಅದು ಅವಳ ಗಂಟಲವರೆಗೂ ಬಂತು. ಅವಳು ನುಂಗಿಕೊಂಡು ಗುಂಡಿ ಒತ್ತಿದಳು. ಹೊರಬಂದ ವಜಾ ಪತ್ರವನ್ನು ಅವನು ಎರಡು ಸಲ ಓದಿದ. ನಿನ್ನದೂ ಹೋಗ್ತಿತ್ತಲ್ಲ, ಯಾಕೆ ಹೇಳಲಿಲ್ಲ ಎಂದು ತೊದಲಿದ.

"ನನಗೆ ಹದಿಮೂರು ವರ್ಷದ ಅಭ್ಯಾಸ ಇದೆ," ಅಂದಳು. "ನೀವು ಇವತ್ತಿಂದ ಶುರು ಮಾಡಿ."