ತಪ್ಪೆಲ್ಲ ಮೈಕಿನದು

ನಾನು ಒಂದು ಮೈಕು. ದಿಲ್ಲಿಯ ಯಾವುದೋ ಗಲ್ಲಿಯ ಕಾರ್ಖಾನೆಯಲ್ಲಿ ಹುಟ್ಟಿದೆ. ತಲೆಗೆ ತಂತಿಯ ಜಾಳಿಗೆ, ಹಿಡಿಯಲು ಒಂದು ಕುತ್ತಿಗೆ, ಹಿಂದೆ ಬಾಲದಂತೆ ಉದ್ದನೆಯ ವಾಯರು. ಮುಖದ ತುಂಬ ತೂತು ಇಟ್ಟವರು ನನ್ನದೇ ಅಂತ ಒಂದು ಮಾತನ್ನು ಮಾತ್ರ ಇಡಲಿಲ್ಲ. ಬಂದದ್ದನ್ನು ಬಂದ ಹಾಗೆ ದಾಟಿಸುವುದೇ ನನ್ನ ಹಣೆಬರಹ. ಅದರಲ್ಲಿ ಒಂದು ದಿನವೂ ಮೋಸ ಮಾಡಿದವನಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ನನ್ನ ಯಜಮಾನನ ಬದುಕು ಮಣ್ಣುಪಾಲಾದದ್ದು ಇದೇ ವಿಷಯಕ್ಕೆ.

ಯಜಮಾನನ ಹೆಸರು ಮಕ್ತುಮಸಾಬ ನದಾಫ. ರಾಣೆಬೆನ್ನೂರಿನ ಪೇಟೆಯಲ್ಲಿ ಅವನದೊಂದು ಪುಟ್ಟ ಸೌಂಡ್ ಸರ್ವಿಸ್ ಅಂಗಡಿ. ಹುಬ್ಬಳ್ಳಿಯಿಂದ ನನ್ನನ್ನು ತಂದ ದಿನ ಅವನ ಹೆಂಡತಿ ಹಜರತಬಿ ತನ್ನ ಹಳೇ ಸೀರೆ ಹರಿದು ನನಗೊಂದು ಚೀಲ ಹೊಲಿದಳು. ಕಾರ್ಯಕ್ರಮಕ್ಕೆ ಮೊದಲು ಮಕ್ತುಮಸಾಬ ನನ್ನನ್ನು ಬೆರಳಿಂದ ತಟ್ಟಿ, ಉಫ್ ಎಂದು ಊದಿ, “ಹಲೋ, ಹಲೋ, ಮೈಕ್ ಟೆಸ್ಟಿಂಗ್” ಅನ್ನುತ್ತಿದ್ದ. ಅದರಾಚೆಗೆ ಸಭೆಯಲ್ಲಿ ನನ್ನ ಮುಂದೆ ತುಟಿ ಬಿಚ್ಚುತ್ತಿರಲಿಲ್ಲ. ಯಾರಾದರೂ ನೀನೂ ಎರಡು ಮಾತಾಡೋ ಎಂದರೆ, “ಮಾತು ದೊಡ್ಡವರದ್ರಿ, ನಮ್ದೇನಿದ್ರೂ ವಾಯರ್” ಎಂದು ಜಾರಿಕೊಳ್ಳುತ್ತಿದ್ದ.

ಆ ದೊಡ್ಡವರ ಮಾತುಗಳೋ! ಒಬ್ಬ ಸಿನಿಮಾ ಹೀರೋ ಊರಿನ ಹೊಸ ಸ್ಮಶಾನವನ್ನು ಉದ್ಘಾಟಿಸಿ, “ಪ್ರತಿಯೊಬ್ಬ ನಾಗರಿಕರೂ, ವಿಶೇಷವಾಗಿ ಯುವಕರು, ಇದರ ಸದುಪಯೋಗ ಪಡೆದುಕೊಳ್ಳಬೇಕು” ಎಂದು ಕರೆ ಕೊಟ್ಟ. ಕ್ರಿಕೆಟ್ ಆಟಗಾರನೊಬ್ಬ ಕಾಲೇಜಿಗೆ ಬಂದು, “ಆ ಮ್ಯಾಚಿನಲ್ಲಿ ಸೋಲದೇ ಇದ್ದಿದ್ದರೆ ನಾವು ಖಂಡಿತ ಗೆಲ್ಲುತ್ತಿದ್ದೆವು” ಎಂದ. ಮಕ್ಕಳು ಅದನ್ನು ಬರೆದುಕೊಂಡರು. ಒಬ್ಬ ಹೆಸರಾಂತ ವಿದ್ವಾಂಸರು ಮೌನದ ಮಹತ್ವದ ಮೇಲೆ ಊಟದ ಹೊತ್ತು ಮೀರಿ ಮಾತಾಡಿದರು. ಅವರು ಮುಗಿಸುವಾಗ ಪೆಂಡಾಲಿನಲ್ಲಿ ನಿಜಕ್ಕೂ ಮೌನವಿತ್ತು, ಜನ ಊಟಕ್ಕೆ ಹೋಗಿದ್ದರು. ಇವರ್ಯಾರೂ ನಗಿಸಬೇಕೆಂದು ಹೇಳಿದವರಲ್ಲ. ಮುಖ ಗಂಟಿಕ್ಕಿಕೊಂಡೇ ಹೇಳಿದರು.

ವೇದಿಕೆಯ ಹತ್ತಿರ ಮೈಕಿನವನು ನಗುವ ಹಾಗಿಲ್ಲ. ನಗು ಬಂದರೆ ಮಕ್ತುಮಸಾಬ ಆಂಪ್ಲಿಫೈಯರ್ ನೋಡುವ ನೆಪದಲ್ಲಿ ವೇದಿಕೆಯ ಹಿಂದಕ್ಕೆ ಓಡಿ ಟವೆಲು ಬಾಯಿಗೆ ತುರುಕಿಕೊಳ್ಳುತ್ತಿದ್ದ. ಮನೆಗೆ ಬಂದು ರೊಟ್ಟಿಗೆ ಕೂತ ಮೇಲೆ, “ಇವತ್ತೊಂದು ಮಾತು ಬಂದೇತಿ, ಕೇಳ್ ಇಲ್ಲೆ” ಎಂದು ನನ್ನನ್ನು ಕೈಯಲ್ಲಿ ಹಿಡಿದು, ಆ ದೊಡ್ಡವರ ಗತ್ತಿನಲ್ಲೇ ಹೇಳುತ್ತಿದ್ದ. ಹಜರತಬಿ ರೊಟ್ಟಿ ಬಡಿಯುವುದು ಬಿಟ್ಟು ಹೊಟ್ಟೆ ಹಿಡಿದುಕೊಳ್ಳುತ್ತಿದ್ದಳು. ಮಕ್ಕಳಿಲ್ಲದ ಆ ಮನೆಗೆ ಅದೇ ಹಬ್ಬ.

ಆಮೇಲೆ ಆ ಸಂತಾಪ ಸಭೆ ಬಂತು. ಊರಿನ ಹಿರಿಯ ಡಾಕ್ಟರು ತೀರಿಕೊಂಡಿದ್ದರು. ಮಂತ್ರಿ ತೋಟನಗೌಡರು ಬೆಳಿಗ್ಗೆಯಿಂದ ಚಪ್ಪಲಿ ಅಂಗಡಿ, ಶಾಲೆಯ ಗ್ಯಾದರಿಂಗು, ಕುಸ್ತಿ ಪಂದ್ಯ ಅಂತ ಎಲ್ಲ ಕಡೆ ಭಾಷಣ ಮಾಡಿ ಬಂದಿದ್ದರು. ನನ್ನ ಸ್ಟ್ಯಾಂಡಿನ ತಿರುಪು ಸಡಿಲಾಗಿ ತಲೆ ಕೆಳಗೆ ಬಾಗುತ್ತಿತ್ತು. ಅದನ್ನು ಬಿಗಿ ಮಾಡಲು ಮಕ್ತುಮಸಾಬ ಮೇಲೆ ಬಂದು ಮಂತ್ರಿಗಳ ಕಾಲ ಬಳಿ ಮಂಡಿಯೂರಿ ಕೂತ. ಗೌಡರು ಕಣ್ಣೊರೆಸಿಕೊಂಡು, ಡಾಕ್ಟರ ಫೋಟೋಕ್ಕೆ ಕೈ ಮುಗಿದು, ಹೋದಲ್ಲೆಲ್ಲ ಹೇಳಿದ ಹಾಗೆ ಇಲ್ಲೂ ಮುಗಿಸಿದರು: “ಇಂಥ ಕಾರ್ಯಕ್ರಮಗಳು ಈ ಊರಿನಲ್ಲಿ ಮೇಲಿಂದ ಮೇಲೆ ನಡೆಯುತ್ತಿರಲಿ, ಅದಕ್ಕೆ ನನ್ನ ಸಂಪೂರ್ಣ ಸಹಕಾರ ಇದೆ ಎಂದು ಹೇಳುತ್ತಾ ನನ್ನ ಎರಡು ಮಾತು ಮುಗಿಸುತ್ತೇನೆ.”

ಓಡಲು ಜಾಗವಿರಲಿಲ್ಲ. ಟವೆಲು ಕೆಳಗೆ ಉಳಿದಿತ್ತು. ಮಕ್ತುಮಸಾಬನ ನಗು ಬುಗ್ಗೆಂದು ನನ್ನ ಮುಖಕ್ಕೇ ಬಂದು ಬಡಿಯಿತು. ನಾನು ಅದನ್ನೂ ಬಂದ ಹಾಗೆ ದಾಟಿಸಿದೆ. ಮರಮರಕ್ಕೆ ಕಟ್ಟಿದ ಹಾರ್ನುಗಳೆಲ್ಲ ನಕ್ಕವು. ಆಮೇಲೆ ಮೈದಾನಕ್ಕೆ ಮೈದಾನವೇ ನಕ್ಕಿತು.

ಮರುದಿನ ಮಂತ್ರಿಗಳ ಆಪ್ತ ಸಹಾಯಕ ಅಂಗಡಿಗೆ ಬಂದ.

“ಮೈಕ್ ಕೆಟ್ಟಿತ್ತು, ಸಾಹೇಬ್ರು ಆ ಮಾತು ಆಡೇ ಇಲ್ಲ ಅಂತ ಪೇಪರಿನವರ ಮುಂದ ಹೇಳು.”

“ಸರ, ನನ್ನ ಮೈಕ್ ಕೆಟ್ಟೇತಿ ಅಂತ ನಾನ ಹೇಳಿದ್ರ ನಾಳೆ ನನ್ನ ಯಾರು ಕರೀತಾರ್ರಿ?”

“ಹೇಳದಿದ್ರ ಈ ತಾಲೂಕಿನ್ಯಾಗ ನಿನ್ನ ಯಾರು ಕರೀತಾರ, ಅದನ್ನೂ ನೋಡೂಣು.”

ಮಕ್ತುಮಸಾಬ ನನ್ನನ್ನು ಚೀಲದಿಂದ ತೆಗೆದು ತಟ್ಟಿ ನೋಡಿದ, ಊದಿ ನೋಡಿದ. ಎತ್ತ ತಿರುಗಿದರೂ ಗೋಡೆ. ಕೊನೆಗೆ ಪ್ರವಾಸಿ ಮಂದಿರಕ್ಕೆ ಹೋಗಿ, ಪತ್ರಕರ್ತರ ಮುಂದೆ ನನ್ನನ್ನು ಅಪರಾಧಿಯ ಹಾಗೆ ಎತ್ತಿ ಹಿಡಿದ.

“ತಪ್ಪೆಲ್ಲ ಮೈಕಿಂದ್ರಿ. ಸಾಹೇಬ್ರು ಚಲೋನ ಮಾತಾಡಿದ್ರು.”

“ಅಲ್ಲೋ ಮಾರಾಯ, ಮೈಕ್ ತಾನ ಒಂದು ಪೂರಾ ಮಾತು ಹೆಂಗ ಸೇರಸ್ತೇತಿ?” ಎಂದು ಒಬ್ಬ ಕೇಳಿದ.

ಮಕ್ತುಮಸಾಬ ನನ್ನನ್ನು ಒಮ್ಮೆ ತಿರುಗಿಸಿ ನೋಡಿ, “ಹಳೇ ಮೈಕ್ರಿ... ಭಾಳ ಭಾಷಣ ಕೇಳೇತ್ರಿ... ಕಲ್ತಬಿಟ್ಟೇತ್ರಿ” ಎಂದುಬಿಟ್ಟ.

ಅಯ್ಯೋ! ಮಂತ್ರಿಗಳ ಮಾತನ್ನು ಊರು ಅಂದೇ ಮರೆಯಿತು. ಇವನ ಮಾತು ಮನೆಮಾತಾಯಿತು. ಜೀವಮಾನದಲ್ಲಿ ಒಂದೇ ಒಂದು ಸಲ ದೊಡ್ಡವರ ಹಾಗೆ ಹೇಳಿಕೆ ಕೊಟ್ಟ, ಪಾಪ, ಅದಕ್ಕೂ ಜನ ನಕ್ಕರು. ಬೀದಿಯಲ್ಲಿ ಹೋದರೆ “ಕಲ್ತಬಿಟ್ಟೇತ್ರಿ” ಎಂದು ಕೂಗುತ್ತಿದ್ದರು. ಮಂತ್ರಿಗಳ ಕಡೆಯವರು ಅವನ ನಗುವನ್ನು ಮರೆತಿರಲಿಲ್ಲ, ಮತ್ತೆ ಕರೆಯಲಿಲ್ಲ. ಮದುವೆಯವರು “ನಿನ್ನ ಮೈಕು ಅಕ್ಷತಾ ಹೊತ್ತಿನ್ಯಾಗ ಏನರ ಅಂದುಬಿಟ್ರ?” ಎಂದು ಬೇರೆಯವರಿಗೆ ಹೇಳಿದರು. ಹಾರ್ನುಗಳು ಒಂದೊಂದಾಗಿ ಗುಜರಿಗೆ ಹೋದವು. ಆಂಪ್ಲಿಫೈಯರೂ ಹೋಯಿತು.

ನನ್ನನ್ನು ಮಾತ್ರ ಅವನು ಮಾರಲಿಲ್ಲ. ದಿನಾ ಬೆಳಿಗ್ಗೆ ನನ್ನನ್ನು ತೆಗೆದು ತಟ್ಟುತ್ತಿದ್ದ, ಊದುತ್ತಿದ್ದ. ಬರುಬರುತ್ತ ಅವನಿಗೇ ಅನುಮಾನ ಹತ್ತಿತು. “ಖರೇ ಹೇಳು, ನೀ ಏನರ ಸೇರಿಸಿದ್ಯೇನು?” ಎಂದು ನನ್ನನ್ನು ಕಿವಿಗೆ ಹಿಡಿದು ಕಾಯುತ್ತಿದ್ದ. ಇಲ್ಲ ಎನ್ನಲು ನನಗೆ ಬಾಯಿಲ್ಲ. ಆ ಒಂದು ಮಾತಿಗಾಗಿ ನಾನು ಎಷ್ಟು ಒದ್ದಾಡಿದೆನೋ ನನಗೇ ಗೊತ್ತು. ರೊಟ್ಟಿಗೆ ಕೂತಾಗ ಹಜರತಬಿ, “ಏನರ ಹೇಳ್ರಲಾ” ಎಂದರೆ, “ನಗೂದ ನನಗ ಮುಳುವಾತು” ಎಂದು ತಾಟು ಸರಿಸಿ ಏಳುತ್ತಿದ್ದ. ಹಾಗೇ ಕೊರಗಿ ಕೊರಗಿ ಹಾಸಿಗೆ ಹಿಡಿದ. ಒಂದು ಬೆಳಿಗ್ಗೆ ನನ್ನನ್ನು ತಟ್ಟಲು ಕೈ ಏಳಲೇ ಇಲ್ಲ.

ಅದು ಚುನಾವಣೆಯ ಕಾಲ. ಓಣಿಯವರು ಸಂತಾಪ ಸಭೆ ಇಟ್ಟರು, ತೋಟನಗೌಡರೂ ಬಂದರು. ಮೈಕು ಬೇರೆ ಅಂಗಡಿಯದು. ನಾನು ಒಳಗೆ ಗೂಡಿನಲ್ಲಿದ್ದೆ. ಹಜರತಬಿ ಬಾಗಿಲ ಮರೆಯಲ್ಲಿ ನಿಂತಿದ್ದಳು. ಗೌಡರ ದನಿ ಗದ್ಗದವಾಗಿತ್ತು.

“ಮಕ್ತುಮಸಾಬರು ನನ್ನ ಆತ್ಮೀಯರು. ಎಷ್ಟೋ ವರ್ಷ ಅವರ ಮೈಕಿನ ಮುಂದೆ ಮಾತಾಡಿದ್ದೇನೆ. ಆ ಮೈಕು ಒಂದೇ ಒಂದು ದಿನವೂ ನನಗೆ ಕೈಕೊಟ್ಟಿಲ್ಲ!”

ಜನ ಚಪ್ಪಾಳೆ ತಟ್ಟಿದರು. ಯಾರೂ ನಗಲಿಲ್ಲ.

ಹಜರತಬಿ ಒಳಗೆ ಬಂದಳು. ನನ್ನನ್ನು ಚೀಲದಿಂದ ತೆಗೆದು ಸೆರಗಿನಿಂದ ಒರೆಸಿದಳು. ಅವನ ಹಾಗೆಯೇ ತಟ್ಟಿದಳು, ಊದಿದಳು. ಅವನು ಕೂರುತ್ತಿದ್ದ ಜಾಗದ ಎದುರು ಕೂತು ನನ್ನನ್ನು ಬಾಯಿಯ ಹತ್ತಿರ ಹಿಡಿದಳು.

“ಇವತ್ತೊಂದು ಮಾತು ಬಂದೇತ್ರಿ, ಕೇಳ್ರಿಲ್ಲೆ” ಎಂದು, ಗೌಡರ ಗತ್ತಿನಲ್ಲೇ ಪೂರಾ ಹೇಳಿದಳು. ಹೇಳಿ ಹೊಟ್ಟೆ ಹಿಡಿದುಕೊಂಡು ನಕ್ಕಳು. ನಗುನಗುತ್ತಲೇ ಅಳು ಒತ್ತರಿಸಿ ಬಂತು.

ನನ್ನ ವಾಯರಿನ ಆ ತುದಿ ನೆಲದ ಮೇಲೆ ಸುಮ್ಮನೆ ಬಿದ್ದಿತ್ತು. ಬಂದದ್ದನ್ನು ಬಂದ ಹಾಗೆ ದಾಟಿಸುವವನು ನಾನು, ಅದೊಂದನ್ನು ಮಾತ್ರ ಅವನಿಗೆ ದಾಟಿಸಲಾಗಲಿಲ್ಲ.